ಸಂಗನಕಲ್ಲಿನ ಕರಿಬಂಡೆ, ಹಂಪಿಯ ಕಂಬ

ಮಾರ್ವೆಲ್ ಕಾಮಿಕ್ಸ್‌ನವರು 1966ರಲ್ಲಿ ವೈಬ್ರೇನಿಯಂ ಎಂಬ ಲೋಹವನ್ನು ಕಲ್ಪಿಸಿದರು. ಅದು ಆಕಾಶದಿಂದ ಬಿದ್ದದ್ದು, ವಕಾಂಡ ಎಂಬ ನಾಡಿನ ಗಣಿಯಲ್ಲಿ ಸಿಗುವಂಥದು, ಸದ್ದು ಕಂಪನಗಳನ್ನೆಲ್ಲ ನುಂಗಿ ತನ್ನೊಳಗೆ ಶಕ್ತಿಯಾಗಿ ಇಟ್ಟುಕೊಳ್ಳುವಂಥದು. ಹಂಪಿಯ ವಿಜಯ ವಿಠ್ಠಲ ದೇವಾಲಯದ ಬಗ್ಗೆ ನಮ್ಮಲ್ಲಿ ಹಬ್ಬಿರುವ ಕತೆಯದೂ ಇದೇ ಜಾಡು. ಮಹಾಮಂಟಪದ 56 ಕಂಬಗಳು ನಾದ ಕೊಡಬೇಕಾದರೆ ಒಳಗೆ ಯಾವುದೋ ಲೋಹವಿರಬೇಕು, ಇಲ್ಲವೇ ಪೊಳ್ಳಿರಬೇಕು ಎಂದುಕೊಂಡು ಬ್ರಿಟಿಷರು ಎರಡು ಕಂಬ ಕೊಯ್ಸಿ ನೋಡಿದರಂತೆ, ಏನೂ ಸಿಗಲಿಲ್ಲವಂತೆ ಎಂದು ಗೈಡುಗಳು ಹೇಳುತ್ತಾರೆ. ಅಪೂರ್ವವಾದ ಸದ್ದಿಗೆ ಅಪೂರ್ವವಾದ ಪದಾರ್ಥವೇ ಬೇಕು ಎಂಬ ನಂಬಿಕೆ ಎರಡು ಕತೆಗಳ ಬುಡದಲ್ಲೂ ಇದೆ. ನಮ್ಮ ನಾದಶಿಲೆಗಳನ್ನು ಹತ್ತಿರದಿಂದ ನೋಡಿದರೆ ಈ ನಂಬಿಕೆ ನಿಲ್ಲುವುದಿಲ್ಲ. ಅಲ್ಲಿನ ಕಲ್ಲು ತೀರ ಸಾಮಾನ್ಯ. ಅಪರೂಪವಾದದ್ದು ಕಲ್ಲನ್ನು ಕಿವಿಯಿಂದ ಅರಿತ ಕಸುಬು.

ಆ ಕಸುಬಿನ ಹಳೆಯ ಕುರುಹು ಬಳ್ಳಾರಿಯ ಪಕ್ಕದಲ್ಲೇ ಇದೆ. ಸಂಗನಕಲ್ಲು ಮತ್ತು ಕಪ್ಪಗಲ್ಲಿನ ನಡುವಿನ ಗುಡ್ಡಗಳಲ್ಲಿ ಸುಮಾರು 4,000 ವರ್ಷಗಳ ಹಿಂದೆ ದನ ಸಾಕುತ್ತಿದ್ದ ನವಶಿಲಾಯುಗದ ಜನ ನೆಲೆಸಿದ್ದರು. ಅಲ್ಲಿ ಗ್ರಾನೈಟ್ ಗುಡ್ಡವನ್ನು ಸೀಳಿಕೊಂಡು ಡಾಲರೈಟ್ ಎಂಬ ಕಪ್ಪು ಕಲ್ಲಿನ ಪಟ್ಟಿಯೊಂದು ಹಾದುಹೋಗಿದೆ. ಅದರ ಬಂಡೆಗಳ ಮೇಲೆ ಇಣಿಯಿರುವ, ಉದ್ದ ಕೊಂಬಿನ ಎತ್ತುಗಳನ್ನು ಕುಟ್ಟಿ ಕುಟ್ಟಿ ಬಿಡಿಸಿದ್ದಾರೆ. ಚಿತ್ರಗಳ ನಡುವಿನ ಕೆಲವು ಬಂಡೆಗಳಲ್ಲಿ ಬೇರೊಂದು ಬಗೆಯ ಗುರುತುಗಳಿವೆ: ಮತ್ತೆ ಮತ್ತೆ ಬಡಿದು ಸವೆದ, ನುಣುಪಾದ ಸಣ್ಣ ತಗ್ಗುಗಳು. ಆ ತಗ್ಗಿಗೇ ಗುಂಡುಕಲ್ಲಿನಿಂದ ಹೊಡೆದರೆ ಬಂಡೆ ಜಾಗಟೆಯಂತೆ ಮೊಳಗುತ್ತದೆ. ಪುರಾತತ್ವಜ್ಞೆ ನಿಕೋಲ್ ಬೋವಿನ್ 2004ರಲ್ಲಿ ‘ಆಂಟಿಕ್ವಿಟಿ’ ಪತ್ರಿಕೆಯಲ್ಲಿ ಈ ಬಂಡೆಗಳ ಬಗ್ಗೆ ಬರೆದ ಮೇಲೆ ಹೊರಗಿನವರ ಗಮನ ಇತ್ತ ಹರಿಯಿತು. ನನಗೆ ಇಲ್ಲಿ ಮುಖ್ಯವಾಗಿ ಕಾಣುವ ಸಂಗತಿ ಇನ್ನೊಂದು. ಇದೇ ಕಪ್ಪು ಕಲ್ಲಿನಿಂದ ಆ ಜನ ಹೇರಳವಾಗಿ ಕೊಡಲಿಗಳನ್ನು ಮಾಡುತ್ತಿದ್ದರು. ಹಿರೇಗುಡ್ಡದಲ್ಲಿ ಅವುಗಳ ದೊಡ್ಡ ಕಮ್ಮಟವೇ ಇತ್ತು. ಯಾವ ತುಂಡು ಗಟ್ಟಿ, ಯಾವುದರೊಳಗೆ ಬಿರುಕಿದೆ ಎಂಬುದನ್ನು ದಿನವಿಡೀ ಕಲ್ಲು ಚಕ್ಕೆ ಎಬ್ಬಿಸುವವರು ಸದ್ದಿನಿಂದಲೇ ಹೇಳಬಲ್ಲರು. ಸಂತೆಯಲ್ಲಿ ಮಡಕೆ ಕೊಳ್ಳುವವರು ಬೆರಳಿನಿಂದ ತಟ್ಟಿ ನೋಡುವುದಿಲ್ಲವೇ, ಹಾಗೆ. ಆ ಬಂಡೆಗಳು ಪೂಜೆಗೆ ಒದಗುವ ಮೊದಲು ಕೆಲಸಗಾರರ ಕಿವಿಗೆ ಬಿದ್ದಿರಬೇಕು ಎಂದೇ ನನ್ನ ಎಣಿಕೆ.

ಡಾಲರೈಟಿಗೇ ಆ ಗುಣವಿದೆ ಎನ್ನಬಾರದೇಕೆ ಎಂದು ಯಾರಾದರೂ ಕೇಳಬಹುದು. ಅಮೆರಿಕದ ಪೆನ್ಸಿಲ್ವೇನಿಯಾದಲ್ಲಿ ಮೊಳಗುವ ಬಂಡೆಗಳಿಗೇ ಹೆಸರಾದ ಬಯಲಿದೆ, ಅಲ್ಲಿನದೂ ಇದೇ ಜಾತಿಯ ಕಲ್ಲು. ಆದರೆ ಆ ಬಯಲೇ ವಾದವನ್ನು ಮುರಿಯುತ್ತದೆ. ಅಲ್ಲಿ ಮೊಳಗುವ ಬಂಡೆಯ ಪಕ್ಕದಲ್ಲೇ ಅದೇ ಕಲ್ಲಿನ ಮೂಕ ಬಂಡೆಗಳೂ ಬಿದ್ದಿವೆ. ಇಂಗ್ಲೆಂಡಿನ ಕೆಸ್ವಿಕ್‌ನಲ್ಲಿ ಜೋಸೆಫ್ ರಿಚರ್ಡ್‌ಸನ್ 19ನೇ ಶತಮಾನದಲ್ಲಿ ವರ್ಷಗಟ್ಟಲೆ ಕಲ್ಲುಪಟ್ಟಿಗಳನ್ನು ಹುಡುಕಿ, ಕಡಿದು ಶ್ರುತಿಗೊಳಿಸಿ ಕಟ್ಟಿದ ವಾದ್ಯ ವಿಕ್ಟೋರಿಯಾ ರಾಣಿಯೆದುರು ನುಡಿಯಿತು; ಅದು ಹಾರ್ನ್‌ಫೆಲ್ಸ್ ಎಂಬ ಬೇರೆಯೇ ಕಲ್ಲು. ಹಂಪಿಯ ಕಂಬವೋ ಗ್ರಾನೈಟ್. ಜಾತಿ ಬೇರೆಯಾದರೂ ನುಡಿಯುವ ಕಲ್ಲುಗಳ ಲಕ್ಷಣ ಒಂದೇ: ಹರಳುಗಳು ಒತ್ತಾಗಿ ಹೆಣೆದಿರಬೇಕು, ಒಳಬಿರುಕು ಇರಕೂಡದು, ಅದುರಲು ಎಡೆಯಿರಬೇಕು. ಮಣ್ಣಿನಲ್ಲಿ ಹೂತ ಬಂಡೆ ಎಷ್ಟೇ ಒಳ್ಳೆಯದಾದರೂ ಅದರ ಕಂಪನವನ್ನು ನೆಲ ಎಳೆದುಕೊಳ್ಳುತ್ತದೆ.

ಹಂಪಿಯಲ್ಲಿ ಇದಕ್ಕೆ ಅಳತೆಯ ಸಾಕ್ಷಿಯಿದೆ. ಕಲ್ಪಾಕ್ಕಂನ ಇಂದಿರಾ ಗಾಂಧಿ ಅಣು ಸಂಶೋಧನಾ ಕೇಂದ್ರದ ವಿಜ್ಞಾನಿಗಳು ಕಂಬಗಳಿಗೆ ಧಕ್ಕೆಯಾಗದಂತೆ ಶ್ರವಣಾತೀತ ತರಂಗ ಮುಂತಾದ ವಿಧಾನಗಳಿಂದ ಪರೀಕ್ಷಿಸಿ 2008ರಲ್ಲಿ ಫಲಿತಾಂಶ ಪ್ರಕಟಿಸಿದರು. ಕಂಬಗಳು ಒಳಗೆಲ್ಲ ಘನ, ಪೊಳ್ಳಿಲ್ಲ. ತಟ್ಟಿದಾಗ ಅವು ಕಣ್ಣಿಗೆ ಕಾಣದಷ್ಟು ಬಾಗಿ ಅದುರುವುದರಿಂದಲೇ ನಾದ ಹುಟ್ಟುತ್ತದೆ. ಹೀಗೆ ಬಾಗಿ ಅದುರುವ ಸರಳಿನ ಲೆಕ್ಕ ಸೊಗಸಾದದ್ದು. ದಪ್ಪ ಇಮ್ಮಡಿಯಾದರೆ ಕಂಪನದ ವೇಗವೂ ಇಮ್ಮಡಿ. ಉದ್ದ ಅರ್ಧವಾದರೆ ವೇಗ ನಾಲ್ಕು ಪಟ್ಟು, ಅಂದರೆ ಸ್ವರ ಎರಡು ಸ್ಥಾಯಿ ಮೇಲೇರುತ್ತದೆ. ಉಳಿ ಎಲ್ಲಿ ಎಷ್ಟು ಕೆತ್ತಿತು ಎಂಬುದರ ಮೇಲೆ ಸ್ವರ ನಿಂತಿದೆ.

ಅಂದಕ್ಕಾಗಿ ತೆಳ್ಳಗೆ ಕಡೆದರು, ನಾದ ತಾನಾಗಿ ಬಂತು ಎಂಬ ಆಕ್ಷೇಪವನ್ನು ತಳ್ಳಿಹಾಕುವಂತಿಲ್ಲ. ಒಂದೊಂದು ಕಂಬದ ಸ್ವರವನ್ನೂ ಮೊದಲೇ ಲೆಕ್ಕ ಹಾಕಿಯೇ ಕಡೆದರು ಎಂದು ನಾನೂ ವಾದಿಸಲಾರೆ. ಆದರೆ ಶಿಲ್ಪಶಾಸ್ತ್ರಗಳು ಕಲ್ಲನ್ನು ತಟ್ಟಿ, ಬರುವ ಸದ್ದಿನಿಂದ ಪುರುಷ, ಸ್ತ್ರೀ, ನಪುಂಸಕ ಎಂದು ವಿಂಗಡಿಸುತ್ತವೆ. ಗಂಟೆಯಂತೆ ಮೊಳಗುವ ಕಲ್ಲು ಮೂರ್ತಿಗೆ ಯೋಗ್ಯ, ಸದ್ದೇ ಇಲ್ಲದ್ದು ಅದಕ್ಕೆ ಸಲ್ಲದು. ಅಂದರೆ ಉಳಿ ಇಡುವ ಮುನ್ನವೇ ಕೇಳುವ ಕೆಲಸ ಆಗಿರುತ್ತಿತ್ತು. ತಿರುನೆಲ್ವೇಲಿಯ ನೆಲ್ಲೈಯಪ್ಪರ್ ದೇವಾಲಯದಲ್ಲಿ ಒಂದೇ ಕಲ್ಲಿನಿಂದ ನಡುಗಂಬವನ್ನೂ ಅದರ ಸುತ್ತ ಸಣ್ಣ ಕಂಬಗಳ ಗೊಂಚಲನ್ನೂ ಬಿಡಿಸಿದ್ದಾರೆ. ಒಳಗೊಂದು ಬಿರುಕು ಅಡಗಿದ್ದರೂ ತಿಂಗಳುಗಳ ದುಡಿಮೆ ಒಂದೇ ಪೆಟ್ಟಿಗೆ ಹಾಳು. ಕಿವಿಯನ್ನು ನಂಬದವರು ಅಂಥ ಕೆಲಸಕ್ಕೆ ಕೈ ಹಾಕಲಾರರು.

ಸದ್ದು ಕಲ್ಲಿನ ಪದಾರ್ಥದಲ್ಲಿ ಅಡಗಿಲ್ಲ, ಅದರ ಆಕಾರದಲ್ಲೂ ನಿಲುವಿನಲ್ಲೂ ಇದೆ ಎಂದಾದ ಮೇಲೆ ಅದನ್ನು ಕಾಪಾಡುವ ಬಗೆಯೂ ಬೇರೆಯಾಗಬೇಕು. ಹಂಪಿಯಲ್ಲಿ ಕಂಬ ತಟ್ಟುವುದಕ್ಕೆ ನಿಷೇಧವಿದೆ. ನುಡಿಸದ ವಾದ್ಯ ಸತ್ತಂತೆ ಎಂದು ಮರುಗುವವರ ನೋವು ನನಗೆ ಅರ್ಥವಾಗುತ್ತದೆ. ಆದರೂ ಸಾವಿರಾರು ಪ್ರವಾಸಿಗರ ಪೆಟ್ಟಿಗೆ ಹುಟ್ಟುವ ಕೂದಲೆಳೆಯ ಬಿರುಕೇ ಆ ನಾದವನ್ನು ಶಾಶ್ವತವಾಗಿ ಕೆಡಿಸಬಲ್ಲದು. ನಿಷೇಧ ಸರಿ, ಜೊತೆಗೆ ಒಳ್ಳೆಯ ಧ್ವನಿಮುದ್ರಣ ಸ್ಥಳದಲ್ಲೇ ಕೇಳಸಿಗಬೇಕು. ಕಪ್ಪಗಲ್ಲಿನ ಆತಂಕ ಇನ್ನೂ ದೊಡ್ಡದು. ಆ ಗುಡ್ಡದ ಒಂದು ಭಾಗವನ್ನು ಕಲ್ಲುಗಣಿಗಾರಿಕೆ ಆಗಲೇ ತಿಂದಿದೆ. ಬಳ್ಳಾರಿಯಲ್ಲಿ ರಾಬರ್ಟ್ ಬ್ರೂಸ್ ಫೂಟ್ ಹೆಸರಿನ ವಸ್ತುಸಂಗ್ರಹಾಲಯವಿದೆ, ಕೊಡಲಿಗಳಿಗೂ ಮಡಕೆ ಚೂರುಗಳಿಗೂ ಅದು ತಕ್ಕ ಜಾಗ. ಮೊಳಗುವ ಬಂಡೆಯನ್ನು ಮಾತ್ರ ಹಾಗೆ ಸಾಗಿಸಲಾಗದು. ಅದು ಯಾವ ಕಲ್ಲುಗಳ ಮೇಲೆ ಹೇಗೆ ಕೂತಿದೆಯೋ ಹಾಗೆಯೇ ಕೂತಿರಬೇಕು. ಆದ್ದರಿಂದ ರಕ್ಷಣೆಯ ಗಡಿ ಚಿತ್ರವಿರುವ ಬಂಡೆಗಳ ಸುತ್ತ ನಿಲ್ಲದೆ ಇಡೀ ಗುಡ್ಡವನ್ನು ಒಳಗೊಳ್ಳಬೇಕು.