ಓದುವ ಕಣ್ಣಿಗೆ ಒಪ್ಪುವ ಅಕ್ಷರ

ಮಗುವು ಓದುವಾಗ ತಡವರಿಸಿದರೆ ಹಿರಿಯರು ಸಾಮಾನ್ಯವಾಗಿ ಮಗುವಿನ ಬುದ್ಧಿಯನ್ನು ಶಂಕಿಸುವರು. ಪುಟದ ಮೇಲಣ ಅಕ್ಷರವನ್ನು ಶಂಕಿಸುವವರು ವಿರಳ. ‘ಮರ’ಕ್ಕೂ ‘ಮಠ’ಕ್ಕೂ ಇರುವ ಅಂತರ ಒಂದು ಬಿಂದು. ‘ದನ’ಕ್ಕೂ ‘ಧನ’ಕ್ಕೂ ಇರುವ ಅಂತರ ಅಡಿಯ ಒಂದು ಸಣ್ಣ ಗೀಟು. ಅಚ್ಚಿನಲ್ಲಿ ಮಸಿ ಹರಡಿ ಇವು ಅಳಿಸಿದರೆ, ಮಗು ಓದುವುದಿಲ್ಲ, ಊಹಿಸುತ್ತದೆ.

ಕುಂಡಯಿಯ ಕೈಗಾರಿಕಾ ವಸಾಹತಿನ ಆಸುಪಾಸಿನ ಕನ್ನಡ ಮನೆಗಳಿಗೆ ಈ ವಿಚಾರ ಇನ್ನಷ್ಟು ಮುಖ್ಯ. 1987ರ ರಾಜಭಾಷಾ ಕಾಯಿದೆಯಿಂದ ಗೋವೆಯ ರಾಜಭಾಷೆಯಾದುದು ದೇವನಾಗರಿ ಲಿಪಿಯ ಕೊಂಕಣಿ. ಬೀದಿಯ ಫಲಕಗಳಲ್ಲಿ ಮಕ್ಕಳು ಹೆಚ್ಚಾಗಿ ಕಾಣುವುದು ದೇವನಾಗರಿಯನ್ನು ಮತ್ತು ರೋಮನ್ ಲಿಪಿಯನ್ನು. ಕನ್ನಡಾಕ್ಷರದ ರೂಢಿ ಬಹುಮಟ್ಟಿಗೆ ಶಾಲೆಯ ಪುಟದಿಂದಲೇ ಆಗಬೇಕು. ಆದ್ದರಿಂದ ಆ ಪುಟವು ಸ್ಪಷ್ಟವಾಗಿರಲೇಬೇಕು.

ಜಪಾನಿನವರು ಇದೇ ತೊಡಕನ್ನು ಎದುರಿಸಿದ್ದಾರೆ. ಅವರ ಲಿಪಿಯಲ್ಲಿ ‘ಹ’ ಅಕ್ಷರದ ಮೂಲೆಗೆ ಎರಡು ಪುಟ್ಟ ಗೀಟುಗಳನ್ನಿಟ್ಟರೆ ‘ಬ’, ಪುಟ್ಟ ಸೊನ್ನೆಯನ್ನಿಟ್ಟರೆ ‘ಪ’. ಸಣ್ಣ ಅಚ್ಚಿನಲ್ಲಿ ಇವೆರಡೂ ಒಂದೇ ಚುಕ್ಕೆಯಂತೆ ತೋರುವುವು. ಸರ್ವರಿಗೂ ಓದಲೊದಗುವ ಅಕ್ಷರಗಳನ್ನು ರೂಪಿಸಿದ ಅಲ್ಲಿಯ ಕುಶಲಿಗಳು ಈ ಗುರುತುಗಳನ್ನು ಹಿಗ್ಗಿಸಿ, ಅಕ್ಷರದೊಳಗಣ ಬಯಲನ್ನು ತೆರವುಗೊಳಿಸಿದರು. 2016ರಲ್ಲಿ ಹೊರಬಂದ ‘ಯುಡಿ ಡಿಜಿಟಲ್ ಕ್ಯೋಕಾಶೋ’ ಎಂಬ ಪಠ್ಯಪುಸ್ತಕದ ಅಕ್ಷರಮಾಲೆಯು ಮಂದದೃಷ್ಟಿಯ ಮಕ್ಕಳನ್ನೂ ನೆನೆದು ರೂಪಿತವಾದುದು. ಗೆರೆಗಳ ದಪ್ಪ ಬಹುಪಾಲು ಸಮನಾಗಿದ್ದರೂ ಗುರುಗಳು ತಿದ್ದಿಸುವ ಕೈಬರಹದ ಆಕಾರ ಅದರಲ್ಲಿ ಕೆಡಲಿಲ್ಲ.

ಕನ್ನಡಕ್ಕೆ ಅನ್ವಯಿಸುವಾಗ ನಮ್ಮ ಲಿಪಿಯ ಸ್ವಭಾವವನ್ನು ನೋಡಬೇಕು. ನಮ್ಮ ಅಕ್ಷರಗಳು ದುಂಡನೆಯವು. ತಲೆಯ ಮೇಲೆ ಗುಡಿಸು, ಅಡಿಯಲ್ಲಿ ಒತ್ತು. ‘ರಾಷ್ಟ್ರ’ ಎಂಬಲ್ಲಿ ಒತ್ತಿನೊಡನೆ ಮತ್ತೊಂದು ಒತ್ತು ಸೇರುತ್ತದೆ. ಸಾಲುಗಳು ಇಕ್ಕಟ್ಟಾದರೆ ಮೇಲಿನ ಸಾಲಿನ ಒತ್ತು ಕೆಳಗಿನ ಸಾಲಿನ ಗುಡಿಸಿಗೆ ತಾಗುವುದು. ಆದುದರಿಂದ ಕನ್ನಡಕ್ಕೆ ಅಕ್ಷರದ ಗಾತ್ರದಷ್ಟೇ ಸಾಲುಗಳ ನಡುವಣ ತೆರಪೂ ಅಗತ್ಯ. ಪಾಯಿಂಟಿನ ಸಂಖ್ಯೆಯೊಂದನ್ನೇ ನಂಬಲಾಗದು. ಒಂದೇ ಸಂಖ್ಯೆಯ ಎರಡು ಅಕ್ಷರಮಾದರಿಗಳಲ್ಲಿ ಒಂದು ದೊಡ್ಡದಾಗಿಯೂ ಮತ್ತೊಂದು ಚಿಕ್ಕದಾಗಿಯೂ ಕಾಣಬಹುದು.

ಆಯ್ಕೆಗೆ ನಾವು ಸೂಚಿಸುವ ಪರೀಕ್ಷೆ ಸುಲಭವಾದುದು. ರ–ಠ, ದ–ಧ, ಬ–ಭ, ಪ–ಷ–ಫ, ಎ–ಏ, ಒ–ಓ ಇವುಗಳನ್ನೂ ‘ಸ್ತ್ರೀ’, ‘ರಾಷ್ಟ್ರ’ದಂತಹ ಪದಗಳನ್ನೂ ಒಂದು ಹಾಳೆಯಲ್ಲಿ ಮುದ್ರಿಸಿರಿ. ಆ ಹಾಳೆಯ ಜೆರಾಕ್ಸ್ ಪ್ರತಿಯ ಪ್ರತಿಯನ್ನು ತೆಗೆಯಿರಿ. ನಮ್ಮ ಮಕ್ಕಳ ಕೈಸೇರುವುದು ಅನೇಕ ವೇಳೆ ಅಂತಹ ಪ್ರತಿಯೇ. ಅದನ್ನು ಒಂದು ಮಗುವಿಗೂ ಒಬ್ಬ ವೃದ್ಧರಿಗೂ ಮಬ್ಬುಬೆಳಕಿನಲ್ಲಿ ತೋರಿಸಿರಿ. ಅಲ್ಲಿಯೂ ಬಿಂದು ಉಳಿದರೆ ಆ ಅಕ್ಷರ ಪಾಠಕ್ಕೆ ಯೋಗ್ಯ. ಉಚಿತವಾಗಿ ದೊರೆಯುವ ‘ನೋಟೋ ಸಾನ್ಸ್ ಕನ್ನಡ’ದಂತಹ ಸಮಗೆರೆಯ ಮಾದರಿಗಳಿಂದ ಈ ಪರೀಕ್ಷೆಯನ್ನು ಆರಂಭಿಸಬಹುದು. ಅಲಂಕಾರದ ಅಕ್ಷರಗಳು ಶೀರ್ಷಿಕೆಗೆ ಮಾತ್ರ ಇರಲಿ. ಕಾಗದ ಮಿರುಗದಿರಲಿ, ಚಿತ್ರದ ಮೇಲೆ ಬರಹವನ್ನು ಹಾಯಿಸದಿರಲಿ.

ವಿದ್ಯಾದಾನವೆಂದರೆ ಪುಸ್ತಕ ಹಂಚುವುದಷ್ಟೇ ಅಲ್ಲ. ಹಂಚಿದ ಪುಸ್ತಕವು ಓದಿಗೆ ಒದಗಬೇಕು. ದಾನಿಗಳೂ ಗುರುಗಳೂ ಮುದ್ರಣಕ್ಕೆ ಮೊದಲು ಮೇಲಿನ ಒಂದು ಹಾಳೆಯನ್ನು ಪರೀಕ್ಷಿಸುವುದಾದರೆ, ಖರ್ಚು ಕೆಲವೇ ರೂಪಾಯಿ. ಮಂದನೆಂಬ ಹೆಸರು ಹೊರಬೇಕಾಗಿದ್ದ ಯಾವುದೋ ಒಂದು ಮಗುವು ಅದರಿಂದ ಉಳಿಯಬಹುದು.