ಬೋವಿ ಮುಖದ ಮಿಂಚು, ಮಾರಿಯೊನ ಮೀಸೆ

ನಾ ಪೀರನವಾಡಿಯಿಂದ ಮಾತಾಡಾಕತ್ತೀನಿ. ಗ್ಲ್ಯಾಮ್ ರಾಕ್ ನೋಡೇ ಹಳೆ ವಿಡಿಯೊ ಗೇಮ್‌ಗಳು ಬಣ್ಣ ಬಳಕೊಂಡ್ವು ಅಂತ ರೀಲ್ಸ್‌ನಾಗ ಹೇಳ್ತಾರಲ್ಲ, ಅದು ನನಗೆ ಪೂರ್ತಿ ಒಪ್ಪಿಗೆಯಿಲ್ಲ.

1973ರಲ್ಲಿ 'ಅಲಾದ್ದೀನ್ ಸೇನ್' ಆಲ್ಬಮ್ ಬಂತು. ಹೊದಿಕೆ ಮ್ಯಾಲೆ ಡೇವಿಡ್ ಬೋವಿ, ಮುಖದ ತುಂಬ ಕೆಂಪು-ನೀಲಿ ಮಿಂಚು. ಅದೇ ವರ್ಷ ಹುಟ್ಟಿದ 'ಕಿಸ್' ತಂಡದ ನಾಲ್ವರೂ ಮುಖಕ್ಕೆ ಬೇರೆ ಬೇರೆ ಬಣ್ಣ ಬಳಕೊಂಡ್ರು. ಕೊನೆ ಸಾಲಿನಾಗ ಕುಂತವನಿಗೂ ಯಾರು ಯಾರು ಅಂತ ತಿಳೀಬೇಕಲ್ಲ!

ಈಗ 1981ರ 'ಡಾಂಕಿ ಕಾಂಗ್' ನೋಡ್ರಿ. ಶಿಗೆರು ಮಿಯಾಮೊಟೊಗೆ ಸಿಕ್ಕಿದ್ದು ಕೈಬೆರಳಲ್ಲಿ ಎಣಿಸೋವಷ್ಟು ಬಣ್ಣ, ಚೂರೇ ಚೂರು ಜಾಗ. ಬಾಯಿ ಬಿಡಿಸಾಕ ಆಗಲಿಲ್ಲ, ದಪ್ಪ ಮೂಗು-ಮೀಸೆ ಇಟ್ಟರು. ಕೂದಲಿನ ತಲೆನೋವು ಬ್ಯಾಡಂತ ಟೋಪಿ ಹಾಕಿದ್ರು. ಕೈ ಅಲ್ಲಾಡೋದು ಕಾಣಲಿ ಅಂತ ಅಂಗಿಗೊಂದು ಬಣ್ಣ, ಅದರ ಮೇಲಿನ ಉಡುಪಿಗೆ ಇನ್ನೊಂದು. ಆಗಿನ್ನೂ 'ಜಂಪ್‌ಮ್ಯಾನ್' ಆಗಿದ್ದ ಮಾರಿಯೊ ಹುಟ್ಟಿದ್ದು ಹಿಂಗ.

ಇಲ್ಲಿ ನಕಲು ಇಲ್ಲ. ಇಬ್ಬರಿಗೂ ಇದ್ದದ್ದು ಒಂದೇ ತೊಂದರೆ: ಕತ್ತಲಲ್ಲಿ, ದೂರದಿಂದ, ಒಂದೇ ನೋಟಕ್ಕೆ ಗುರುತು ಸಿಗಬೇಕು. ನಮ್ಮ ದೊಡ್ಡಾಟದ ಕಿರೀಟ, ಭುಜಕೀರ್ತಿ ಮಿಂಚೋದೂ ಇದಕ್ಕೇ. ಬೋವಿ ಕೂಡ ಇಂಥದ್ದೇ ಒಂದು ಆಟದ ಬಾಗಿಲಿಗೆ ಹೋಗಿದ್ದ. ಜಪಾನಿನ ಕಬುಕಿ ನಟ ಬಂಡೊ ತಮಸಬುರೊ ಅವರಿಂದ ಬಣ್ಣ ಹಚ್ಚೋದು ಕಲಿತ, ಕಾನ್ಸಾಯ್ ಯಮಾಮೊಟೊ ಹೊಲಿದ ವೇಷ ತೊಟ್ಟ. 1978ರ 'ಸ್ಪೇಸ್ ಇನ್ವೇಡರ್ಸ್' ಸಹ ಜಪಾನಿನದೇ. ಅದರ ಕಪ್ಪು-ಬಿಳುಪು ಪರದೆಗೆ ಬಣ್ಣದ ಪಾರದರ್ಶಕ ಪಟ್ಟಿ ಅಂಟಿಸಿದ್ರು. ನನ್ನ ಕೇಳಿದ್ರ, ಅದೂ ಮೇಕಪ್ಪೇ.

ಹಂಗಂತ ನೇರ ನಂಟು ಇಲ್ಲವೇ ಇಲ್ಲ ಅಂತಲ್ಲ. 1979ರಲ್ಲಿ ಬ್ಯಾಲಿ ಕಂಪನಿ ಕಿಸ್ ಹೆಸರಲ್ಲೇ ಪಿನ್‌ಬಾಲ್ ಯಂತ್ರ ತಂತು. 1989ರ ಕ್ಯಾಪ್ಕಾಮ್ ಆಟ 'ಫೈನಲ್ ಫೈಟ್' ಇನ್ನೂ ಮಜಾ. ಅದರ ಪುಂಡರ ಹೆಸರು ಆಕ್ಸಲ್, ಸ್ಲ್ಯಾಶ್, ಅಂದ್ರ ಗನ್ಸ್ ಎನ್ ರೋಸಸ್‌ನವರದ್ದೇ. ಗುಲಾಬಿ ಕೂದಲಿನ ಪಾಯ್ಸನ್ ಸಹ ಅಲ್ಲೇ ಅದಾಳ. ಆದ್ರ ಈ ಆಟ ಅಮೆರಿಕದ ಸೂಪರ್ ನಿಂಟೆಂಡೊಗೆ ಹೋಗುವಾಗ, ಹೆಂಗಸರಿಗೆ ಹೊಡೆಯೋದು ಅಲ್ಲಿ ನಡೆಯಲ್ಲ ಅನ್ನೋ ಅಂಜಿಕೆಗೆ, ಪಾಯ್ಸನ್ ಮತ್ತು ರಾಕ್ಸಿಯನ್ನ ತೆಗೆದು ಬಿಲ್ಲಿ, ಸಿಡ್ ಅನ್ನೋ ಗಂಡಸರನ್ನ ಕೂರಿಸಿದ್ರು.

ಗಂಡಸರು ಲಿಪ್‌ಸ್ಟಿಕ್ ಹಚ್ಚಿ ಹಾಡಿದ್ದನ್ನ ಟಿಕೆಟ್ ಕೊಟ್ಟು ನೋಡಿದ ದೇಶ ಅದು. ಆಟದ ಪರದೆಗೆ ಮಾತ್ರ ಬ್ಯಾರೆ ನಿಯಮ.