ಬಳ್ಳಾರಿ ಜೈಲಿಗೆ ಬಂದ ಹಾಡು

ಕಾಳಗದ ಹಾಡು ಬಳ್ಳಾರಿ ಸೀಮೆಗೆ ಹೊಸದಲ್ಲ. ಕಂಪ್ಲಿಯ ಕುಮಾರರಾಮ ದಿಲ್ಲಿಯ ದಂಡಿಗೆದುರಾಗಿ ಮಡಿದ ಕತೆ ಹಾಡುಗಾರರ ಬಾಯಲ್ಲಿ ಬೆಳೆದು, ಸುಮಾರು 200 ವರ್ಷಗಳ ಬಳಿಕ ನಂಜುಂಡ ಕವಿಯ ಕೈಯಲ್ಲಿ ಸಾಂಗತ್ಯವಾಯಿತು. ಅಷ್ಟು ಹೊತ್ತಿಗೆ ಆ ಯುದ್ಧ ಕಂಡವರು ಯಾರೂ ಉಳಿದಿರಲಿಲ್ಲ.

ಯುದ್ಧದ ನಡುವೆಯೇ ಬದುಕಿದ ಕವಿಯ ಹಾಡೊಂದಕ್ಕೂ ಬಳ್ಳಾರಿಯ ನಂಟಿದೆ. ಅದು ಮಲಬಾರಿನದು. 1953ರಲ್ಲಿ ಮೈಸೂರಿಗೆ ಸೇರುವ ತನಕ ಬಳ್ಳಾರಿಯೂ ಮಲಬಾರಿನಂತೆ ಮದ್ರಾಸಿನ ಆಡಳಿತದಲ್ಲಿತ್ತು. 1921ರ ಆಗಸ್ಟ್‌ನಲ್ಲಿ ಮಲಬಾರಿನ ಏರನಾಡಿನಲ್ಲಿ ಮಾಪ್ಪಿಳೆ ಮುಸ್ಲಿಮರು ಬ್ರಿಟಿಷರ ವಿರುದ್ಧ ದಂಗೆಯೆದ್ದಾಗ ಮಾರ್ಷಲ್ ಲಾ ಬಂತು, ಗೂರ್ಖಾ ಪಡೆ ಬಂತು, ಸಾವಿರಾರು ಜನ ಸೆರೆಯಾದರು. ಅನೇಕರನ್ನು ಬಳ್ಳಾರಿಗೆ ತಂದು ಕೂಡಿಹಾಕಿದರು. ಆ ನವೆಂಬರ್‌ನಲ್ಲಿ ತಿರೂರಿನಿಂದ ಕೈದಿಗಳನ್ನು ತುಂಬಿ ಹೊರಟ ಗೂಡ್ಸ್ ಡಬ್ಬಿಯೊಂದರಲ್ಲಿ ಗಾಳಿಯಿಲ್ಲದೆ 60ಕ್ಕೂ ಹೆಚ್ಚು ಮಂದಿ ಸತ್ತರು.

ಪುಲಿಕ್ಕೋಟ್ಟಿಲ್ ಹೈದರ್ (1879–1975) ಅದೇ ಏರನಾಡಿನ ವಂಡೂರಿನವರು. ಮಾಪ್ಪಿಳೆ ಕವಿಗೆ ಯುದ್ಧವೆಂದರೆ ಪಡಪ್ಪಾಟ್ಟು, ಅಂದರೆ ಕಾಳಗದ ಹಾಡು. ಮೊಯಿನ್‌ಕುಟ್ಟಿ ವೈದ್ಯರು 1876ರಲ್ಲೇ ಬದ್ರ್ ಕದನವನ್ನು ಹಾಡಿದ್ದರು. ಹೈದರ್ ಮಾತ್ರ ಕಾಗದ ಬರೆದರು. ಬಳ್ಳಾರಿ ಜೈಲಿನಲ್ಲಿದ್ದ ಹಸನ್‌ಕುಟ್ಟಿಯ ಕಿವಿಗೆ ಹೆಂಡತಿಯ ನಡತೆಯ ಮೇಲೆ ಊರಿನ ಚಾಡಿ ಬಿದ್ದಿತ್ತು. ಅವಳ ಪರವಾಗಿ, ಅವಳದೇ ದನಿಯಲ್ಲಿ ಅವರು ಹಾಡಾಗಿ ಹೊಸೆದದ್ದು 1924ರ ‘ಮರಿಯಕ್ಕುಟ್ಟಿಯುಡೆ ಕತ್ತ್’, ಅಂದರೆ ಮರಿಯಕ್ಕುಟ್ಟಿಯ ಪತ್ರ.

ನನ್ನ ಮಟ್ಟಿಗೆ ಇದೇ ಆ ದಂಗೆಯ ಅಸಲಿ ಯುದ್ಧಕಾವ್ಯ. ಗುಂಡಿನ ಸದ್ದು ಅಡಗಿ ಎರಡು ವರ್ಷವಾದರೂ ಒಂದು ಮನೆಯೊಳಗೆ ಕದನ ನಿಂತಿಲ್ಲ. ಗಂಡ ಊರಲ್ಲಿದ್ದಿದ್ದರೆ ಒಂದು ಸಂಜೆಯ ಜಗಳಕ್ಕೆ ಮುಗಿಯುತ್ತಿದ್ದ ಮಾತು, ಜೈಲಿನ ಗೋಡೆಯೊಳಗೆ ಹೆಮ್ಮರವಾಗುತ್ತದೆ. ಹಾಡೇ ಏಕೆ? ಚಾಡಿ ಬಾಯಿಂದ ಬಾಯಿಗೆ ಹರಿಯುವಂಥದು. ಅದನ್ನು ಬೆನ್ನಟ್ಟಲು ಬಾಯಿಪಾಠವಾಗುವ ಉತ್ತರವೇ ಬೇಕು. ಗಂಡನಿಗೆ ಬರೆದದ್ದನ್ನು ಊರೂ ಕೇಳಿಸಿಕೊಳ್ಳಬೇಕಲ್ಲ!

ಇತ್ತ ಬಳ್ಳಾರಿ ಸೀಮೆಯಲ್ಲಿ, ಸಿಂದರು ಆಳಿದ ಕುರುಗೋಡಿನ ಸುತ್ತ, ಸಿರುಗುಪ್ಪದ ಭತ್ತದ ಬಯಲಿನ ಹಳ್ಳಿಗಳಲ್ಲಿ ನಿಂತ ವೀರಗಲ್ಲುಗಳನ್ನು ನೋಡಿ. ಕೆಳಗೆ ಹೋರಾಟ, ನಡುವೆ ಅಪ್ಸರೆಯರು, ಮೇಲೆ ಸ್ವರ್ಗ. ಹೆಂಡತಿಗೆ ಕಲ್ಲು ಸಿಗುವುದು ಅವಳು ಚಿತೆಯೇರಿದರೆ, ಅದು ಮಾಸ್ತಿಕಲ್ಲು. ಬದುಕಿ ಉಳಿದು, ಬೈಸಿಕೊಂಡು, ತಿರುಗಿ ಮಾತಾಡಿದವಳಿಗೆ ಯಾವ ಶಿಲ್ಪಿಯೂ ಉಳಿ ಎತ್ತಲಿಲ್ಲ. ಹೈದರ್ ಎತ್ತಿದರು, ಹೊತ್ತಿ ಉರಿದ ಸೀಮೆಯಲ್ಲೇ ಇದ್ದುದರಿಂದಲೇ ಅದು ಸಾಧ್ಯವಾಯಿತೇನೋ.

1970ರ ದಶಕದಲ್ಲಿ ಮಾಪ್ಪಿಳೆ ಹಾಡುಗಾರ ಎಸ್. ಎ. ಜಮೀಲ್ ಇದೇ ಜಾಡು ಹಿಡಿದು, ಗಲ್ಫಿಗೆ ಹೋದ ಗಂಡನಿಗೆ ಹೆಂಡತಿ ಬರೆಯುವ ‘ದುಬೈ ಕತ್ತ್’ ಕಟ್ಟಿದರು. ಗಂಡನ ಮಾರೋಲೆಯನ್ನೂ ಅವರೇ ಬರೆಯಬೇಕಾಯಿತು.